ಆಫೀಸಿನ ಜೋಕು ಎಲ್ಲಿ ಎಡವುತ್ತದೆ: ಪದೇ ಪದೇ ಕೇಳುವ ಪ್ರಶ್ನೆಗಳು

ಕಚೇರಿಗಳಿಗೆ ಲೈಂಗಿಕ ಕಿರುಕುಳ ತಡೆ ಕಾಯ್ದೆಯ (ಎಲ್ಲರ ಬಾಯಲ್ಲಿ ‘ಪೋಶ್’) ತರಬೇತಿಗೆ ಹೋದಾಗಲೆಲ್ಲ ಅರ್ಧ ಪ್ರಶ್ನೆಗಳು ಜೋಕಿನ ಸುತ್ತಲೇ ಇರುತ್ತವೆ. ಎಲ್ಲರೆದುರು ಕೇಳಲು ಮುಜುಗರ. ಹಾಗಾಗಿ ಊಟದ ಸಾಲಿನಲ್ಲಿ ಹಿಡಿದು ಕೇಳುತ್ತಾರೆ, ಇಲ್ಲವೇ ರಾತ್ರಿ ಮೆಸೇಜ್ ಹಾಕುತ್ತಾರೆ. ಪ್ರಶ್ನೆಗಳನ್ನು ಅವರವರ ಮಾತಿನಲ್ಲೇ ಇಟ್ಟಿದ್ದೇನೆ. ದಿನನಿತ್ಯದ್ದು ಮೊದಲು, ಕಾನೂನು ಆಮೇಲೆ, ಇಕ್ಕಟ್ಟಿನವು ಕೊನೆಗೆ. ಕಾನೂನಿನ ಭಾಗ ಓದಿ ತಿಳಿಯಲಿಕ್ಕೆ ಮಾತ್ರ. ಕೇಸು ಕೈಯಲ್ಲಿದ್ದರೆ ವಕೀಲರನ್ನೇ ಕಾಣಿ.

## ಮೊದಲು ಕೇಳುವವು

ಹಾಗಾದ್ರೆ ಆಫೀಸಲ್ಲಿ ನಗಲೇಬಾರದಾ?

ನಗಬೇಕು. ಸರ್ವರ್ ಬಿದ್ದ ರಾತ್ರಿ, ಲೆಕ್ಕ ತಾಳೆಯಾಗದ ಮಾರ್ಚ್ 31ರ ಸಂಜೆ, ಒಂದು ಒಳ್ಳೆಯ ಜೋಕು ಸುಸ್ತಾದ ತಂಡವನ್ನು ಎಬ್ಬಿಸಿ ಕೂರಿಸುತ್ತದೆ. ನಗಿಸುವವರಿಗೂ ಲಾಭ ಇದೆ. ಬಿಟರ್ಲಿ, ಬ್ರೂಕ್ಸ್, ಶ್ವೈಟ್ಸರ್ ಎಂಬ ಮೂವರು ಅಮೆರಿಕದ ಸಂಶೋಧಕರು 2017ರಲ್ಲಿ ಇದನ್ನೇ ಪರೀಕ್ಷೆ ಮಾಡಿ ನೋಡಿದರು. ಸಂದರ್ಭಕ್ಕೆ ಹೊಂದುವ ಜೋಕು ಹೇಳಿ ನಗಿಸಿದವರ ಬಗ್ಗೆ ಜನರಿಗೆ ಗೌರವ ಹೆಚ್ಚಿತು. ಅಸಭ್ಯ ಜೋಕು ಹೇಳಿದವರ ಬಗ್ಗೆ ‘ಧೈರ್ಯ ಇದೆ, ಆದರೆ ಕೆಲಸ ಅಷ್ಟಕ್ಕಷ್ಟೇ’ ಎಂಬ ಭಾವನೆ ಬಂತು. ಪ್ರಮೋಷನ್ ಹೊತ್ತಿಗೆ ನೆನಪಿಗೆ ಬರುವುದು ಎರಡನೆಯ ಅರ್ಧ.

ಯಾವ ಜೋಕ್ ಓಕೆ, ಯಾವ್ದು ಅಲ್ಲ ಅಂತ ಹೇಗೆ ಗೊತ್ತಾಗುತ್ತೆ?

ನನ್ನ ಅಳತೆ ಒಂದೇ. ಜೋಕಿಗೆ ಗುರಿಯಾದವರು ಅದೇ ಜನರ ಮುಂದೆ, ಅದೇ ಧಾಟಿಯಲ್ಲಿ, ನಿಮಗೆ ತಿರುಗಿಸಿ ಹೇಳಬಲ್ಲರಾ? ಹೇಳಬಲ್ಲರು ಎಂದರೆ ಅದು ಕಾಲೆಳೆಯುವುದು. ಹೇಳಲಾರರು ಎಂದರೆ ಅದು ಬೇರೆ ಏನೋ, ಎಷ್ಟೇ ಜನ ನಕ್ಕಿರಲಿ.

ಒಟ್ಟಿಗೆ ಕೆಲಸಕ್ಕೆ ಸೇರಿದ ಇಬ್ಬರು ಒಬ್ಬರ ಅಡುಗೆಯನ್ನು ಇನ್ನೊಬ್ಬರು ಆಡಿಕೊಳ್ಳುತ್ತಾರೆ. ಇವತ್ತು ಇವಳ ಉಪ್ಪಿಟ್ಟು, ನಾಳೆ ಅವನ ಚಪಾತಿ. ಅಲ್ಲಿ ಲೆಕ್ಕ ಸರಿಹೋಗುತ್ತದೆ. ಆದರೆ ಮ್ಯಾನೇಜರ್ ಒಬ್ಬರು ಪ್ರೊಬೇಷನ್‌ನಲ್ಲಿರುವ ಹುಡುಗನ ಇಂಗ್ಲಿಷ್ ಬಗ್ಗೆ ಜೋಕ್ ಹೊಡೆದರೆ? ಅವನು ಮ್ಯಾನೇಜರ್ ಇಂಗ್ಲಿಷ್ ಬಗ್ಗೆ ಬಾಯಿ ಬಿಡುತ್ತಾನಾ? ಬೆಕ್ಕಿಗೆ ಚೆಲ್ಲಾಟ, ಇಲಿಗೆ ಪ್ರಾಣಸಂಕಟ ಎಂದು ಹಿರಿಯರು ಹೇಳಿದ್ದು ಇದಕ್ಕೇ ಇರಬೇಕು.

ಇನ್ನೂ ಎರಡು ವಿಷಯ ನೋಡಿ. ಜೋಕು ಅವರು ಮಾಡಿದ ಕೆಲಸದ ಬಗ್ಗೆಯೋ, ಬದಲಾಯಿಸಲಾಗದ ಬಣ್ಣ, ಜಾತಿ, ಊರು, ಮೈಕಟ್ಟಿನ ಬಗ್ಗೆಯೋ? ಇದು ಎಷ್ಟನೇ ಸಲ? ಮೊದಲ ಸಲ ನಗು ತರಿಸಿದ್ದು ನಲವತ್ತನೇ ಸಲ ಹಿಂಸೆ.

“ತಮಾಷೆಗೆ ಹೇಳಿದ್ದು” ಅಂದ್ರೆ ಮುಗೀತಲ್ವಾ?

ಮುಗಿಯುವುದಿಲ್ಲ. ಆ ಮಾತು ಹೇಳಿದವರ ಮನಸ್ಸಿನ ಬಗ್ಗೆ ತಿಳಿಸುತ್ತದೆ, ಕೇಳಿದವರಿಗೆ ಏನಾಯಿತು ಎಂಬುದರ ಬಗ್ಗೆ ಏನೂ ಹೇಳುವುದಿಲ್ಲ. ಮದ್ರಾಸ್ ಹೈಕೋರ್ಟ್ 2025ರ ಜನವರಿಯಲ್ಲಿ ಒಂದು ಸಾಫ್ಟ್‌ವೇರ್ ಕಂಪನಿಯ ಪ್ರಕರಣದಲ್ಲಿ ಇದನ್ನು ಖಚಿತವಾಗಿ ಹೇಳಿತು. ಅಲ್ಲಿ ಇದ್ದದ್ದು ಬರೀ ಮಾತಲ್ಲ. ಹಿರಿಯ ಅಧಿಕಾರಿ ಮೈಗೆ ತಾಗುವಷ್ಟು ಹತ್ತಿರ ನಿಲ್ಲುತ್ತಾರೆ, ಮುಜುಗರದ ಪ್ರಶ್ನೆ ಕೇಳುತ್ತಾರೆ ಎಂದು ಮಹಿಳೆಯರು ದೂರು ಕೊಟ್ಟಿದ್ದರು. ಆದರೆ ಕೋರ್ಟ್ ಇಟ್ಟ ತತ್ವ ಮಾತಿಗೂ ಅನ್ವಯಿಸುತ್ತದೆ. ಮಾಡಿದವರ ಉದ್ದೇಶಕ್ಕಿಂತ ಆ ನಡವಳಿಕೆ ಎದುರಿನವರಿಗೆ ಬೇಡವಾಗಿತ್ತೇ ಎಂಬುದು ಮುಖ್ಯ.

ಅವಳೂ ನಕ್ಕಳು. ಆಮೇಲೆ ಹೋಗಿ ಎಚ್‌ಆರ್‌ಗೆ ಯಾಕೆ ಹೇಳಿದ್ಲು?

ನಗು ಒಪ್ಪಿಗೆ ಅಲ್ಲ. ಹತ್ತು ಜನ ನಗುತ್ತಿರುವಾಗ ಹನ್ನೊಂದನೆಯವರು ಮುಖ ಗಂಟು ಹಾಕಿ ಕೂರುವುದಕ್ಕೆ ಗುಂಡಿಗೆ ಬೇಕು. ಹೆಚ್ಚಿನವರು ನಕ್ಕು ದಾಟಿಕೊಳ್ಳುತ್ತಾರೆ.

ಒಂದು ಕಚೇರಿಯ ಸಂಗತಿ ಹೇಳುತ್ತೇನೆ. ಹೆರಿಗೆ ರಜೆ ಮುಗಿಸಿ ಬಂದವರೊಬ್ಬರು ಬೆಳಗ್ಗೆ 8ಕ್ಕೇ ಬಂದು ಸಂಜೆ 5ಕ್ಕೆ ಹೊರಡುತ್ತಿದ್ದರು. ಬಾಗಿಲ ಹತ್ತಿರದ ಸೀಟಿನವರು ದಿನಾ ಕೈಗಡಿಯಾರ ನೋಡಿ “ಏನ್ ಮೇಡಂ, ಹಾಫ್ ಡೇನಾ?” ಅನ್ನುತ್ತಿದ್ದರು. ಸುತ್ತಲಿನ ನಾಲ್ಕು ಜನ ನಗುತ್ತಿದ್ದರು. ಇವರೂ ನಗುತ್ತಿದ್ದರು, “ಹೌದು ಸರ್, ಸಂಬಳಾನೂ ಹಾಫು” ಎಂದು ಉತ್ತರವನ್ನೂ ಕೊಡುತ್ತಿದ್ದರು. ಸ್ವಲ್ಪ ದಿನದ ಮೇಲೆ ಅವರು ಆ ಬಾಗಿಲು ಬಿಟ್ಟು ಪ್ಯಾಂಟ್ರಿ ಹಿಂದಿನ ಮೆಟ್ಟಿಲು ಹಿಡಿದರು. ಐದನೇ ಮಹಡಿಯಿಂದ, ಲ್ಯಾಪ್‌ಟಾಪ್ ಚೀಲ ಹೊತ್ತುಕೊಂಡು. ಬೆಳಗ್ಗೆ 8ರಿಂದ 10ರವರೆಗೆ ಅವರೊಬ್ಬರೇ ಕೂತು ಕೆಲಸ ಮಾಡಿದ್ದನ್ನು ನೋಡಲು ಆ ನಾಲ್ವರಲ್ಲಿ ಯಾರೂ ಬಂದಿರುತ್ತಿರಲಿಲ್ಲ. ಅವರು ದೂರು ಕೊಡಲಿಲ್ಲ, ಕೆಲಸ ಬಿಟ್ಟರು. ಕಾರಣದ ಕಾಲಂನಲ್ಲಿ ‘ವೈಯಕ್ತಿಕ’ ಎಂದು ಬರೆದರು.

ದೂರು ಬಂದರೆ ಒಂದು ರೀತಿಯಲ್ಲಿ ಕಂಪನಿ ಪುಣ್ಯ ಮಾಡಿದೆ ಅನ್ನಬೇಕು. ಏನಾಗುತ್ತಿದೆ ಎಂದಾದರೂ ಗೊತ್ತಾಗುತ್ತದೆ.

ಡುಮ್ಮ, ಕರಿಯ ಅಂತೆಲ್ಲ ಪ್ರೀತಿಯಿಂದ ಕರೀತೀವಿ. ಅದ್ರಲ್ಲೇನಿದೆ?

ಆ ಹೆಸರನ್ನು ಅವರೇ ಆರಿಸಿಕೊಂಡರಾ? ಗೆಳೆಯರ ಮನೆಯಲ್ಲಿ ಏನಾದರೂ ಕರೆದುಕೊಳ್ಳಿ. ಕ್ಲೈಂಟ್ ಎದುರು “ನಮ್ಮ ಡುಮ್ಮ ಕಳಿಸ್ತಾನೆ ಸರ್ ರಿಪೋರ್ಟು” ಅಂದಾಗ ಆ ರಿಪೋರ್ಟಿನ ಬೆಲೆಯೂ ಇಳಿಯುತ್ತದೆ. ಸುಮ್ನೆ ಹೆಸರು ಹಿಡಿದು ಕರೆಯಿರಿ. ಖರ್ಚಿಲ್ಲ.

## ದಿನನಿತ್ಯದ ತೊಡಕುಗಳು

ಊರು, ಭಾಷೆ ಮೇಲೆ ಜೋಕ್ ಮಾಡೋದು ಎಲ್ಲ ಕಡೆ ಇದ್ದದ್ದೇ ಅಲ್ವಾ?

ಇದ್ದದ್ದೇ. ಅದಕ್ಕೇ ಯಾರಿಗೂ ಕಾಣಿಸುವುದಿಲ್ಲ. ದಕ್ಷಿಣದವರನ್ನೆಲ್ಲ ‘ಮದ್ರಾಸಿ’ ಅಂದಾಗ, ಕನ್ನಡವನ್ನು ‘ಕನ್ನಡ್’ ಅಂದು ನಕ್ಕಾಗ ನಮಗೆ ಮೈ ಉರಿಯುತ್ತದೆ. ಅದೇ ನಾವು ಕಲಬುರಗಿಯ ಹುಡುಗ ಮೀಟಿಂಗಿನಲ್ಲಿ “ಹಿಂಗ ಮಾಡೂದು ಬ್ಯಾಡ್ರಿ” ಅಂದ ಕೂಡಲೇ ಅವನ ರಾಗ ಎಳೆದು ಅಣಕಿಸುತ್ತೇವೆ. ಮಂಗಳೂರಿನವರು ಬಾಯಿ ತೆರೆಯುವ ಮೊದಲೇ “ಎಂಥದು ಮಾರಾಯ್ರೆ” ಶುರು. ಮಣಿಪುರದಿಂದ ಬಂದವರಿಗೆ ಮೋಮೋ ಜೋಕು, ಬಿಹಾರದವರಿಗೆ ಇನ್ನೊಂದು.

ಆಮೇಲೆ ಏನಾಗುತ್ತದೆ ಗಮನಿಸಿ. ಆ ಕಲಬುರಗಿಯ ಹುಡುಗ ಮೀಟಿಂಗಿನಲ್ಲಿ ಇಂಗ್ಲಿಷಿಗೆ ಜಾರುತ್ತಾನೆ. ಇಂಗ್ಲಿಷಿನಲ್ಲಿ ಅವನಿಗೆ ಗೊತ್ತಿರುವುದರ ಕಾಲುಭಾಗ ಮಾತ್ರ ಹೊರಬರುತ್ತದೆ. ನಷ್ಟ ಯಾರಿಗೆ? ಡೇಟಾಬೇಸ್ ಎಲ್ಲಿ ಕೈಕೊಡುತ್ತದೆ ಎಂದು ಗೊತ್ತಿದ್ದವನು ಅವನೊಬ್ಬನೇ ಆಗಿದ್ದರೆ ನಷ್ಟ ಇಡೀ ತಂಡಕ್ಕೆ.

ನಾನು ಜಾತಿ ಹೆಸರೇ ಎತ್ತಿಲ್ಲ, ರಿಸರ್ವೇಷನ್ ಬಗ್ಗೆ ಒಂದು ಜೋಕ್ ಮಾಡಿದೆ ಅಷ್ಟೇ. ಅದೂ ತಪ್ಪಾ?

ಮೀಸಲಾತಿ ನೀತಿ ಬಗ್ಗೆ ಅಭಿಪ್ರಾಯ ಇರುವುದು ಬೇರೆ. ಎದುರಿಗೆ ಕೂತವರ ಬಗ್ಗೆ ‘ಕೋಟಾದಲ್ಲಿ ಬಂದವರು’ ಎಂದು ಕಣ್ಣು ಮಿಟುಕಿಸುವುದು ಬೇರೆ. ಎರಡನೆಯದರಲ್ಲಿ ಹೆಸರು ಎತ್ತುವ ಅಗತ್ಯವೇ ಇಲ್ಲ. ಯಾರನ್ನು ಕುರಿತು ಎಂದು ಎಲ್ಲರಿಗೂ ಗೊತ್ತು. “ನಿಮ್ಮ ಸರ್‌ನೇಮ್ ಏನು?” ಎಂದು ನಗುತ್ತ ಕೆದಕುವುದು, ಡಬ್ಬಿಯಲ್ಲಿ ಮಾಂಸ ತಂದವರತ್ತ ಮೂಗು ಮುಚ್ಚಿ ನಾಟಕ ಮಾಡುವುದು, ಇವೂ ಅದೇ ಸಾಲಿನವು.

ಕಾನೂನಿನ ಮಾತಿಗೆ ಬಂದರೆ, ಪರಿಶಿಷ್ಟ ಜಾತಿ ಮತ್ತು ಪಂಗಡಗಳ ದೌರ್ಜನ್ಯ ತಡೆ ಕಾಯ್ದೆ 1989ರ 3(1)ನೇ ಕಲಮಿನಲ್ಲಿ ಇಂಥ ಮಾತಿಗೆ ಸಂಬಂಧಿಸಿದ ಎರಡು ಉಪಕಲಮುಗಳಿವೆ. ಒಂದು, ಜಾತಿ ಹೆಸರು ಹಿಡಿದು ಬೈಯುವುದು. ಇನ್ನೊಂದು, ಅವಮಾನಿಸಲೆಂದೇ ಬೇಕಂತ ಹೀಯಾಳಿಸುವುದು. ಎರಡಕ್ಕೂ ಆ ಮಾತು ಸಾರ್ವಜನಿಕರ ಕಣ್ಣಿಗೆ ಬೀಳುವ ಜಾಗದಲ್ಲಿ ನಡೆದಿರಬೇಕು. ಶಿಕ್ಷೆ 6 ತಿಂಗಳಿಂದ 5 ವರ್ಷ ಜೈಲು, ಜೊತೆಗೆ ದಂಡ. ನಾಲ್ಕು ಗೋಡೆಯ ನಡುವೆ, ಹೊರಗಿನವರು ಯಾರೂ ಇಲ್ಲದಾಗ ನಡೆದದ್ದು ಇದರಡಿ ಬರುವುದಿಲ್ಲ ಎಂದು ಸುಪ್ರೀಂ ಕೋರ್ಟ್ 2020ರಲ್ಲಿ ಹೇಳಿದೆ. ಆ ಜಾತಿಯವರು ಎಂಬ ಕಾರಣಕ್ಕೇ ಅವಮಾನ ಮಾಡಿದ್ದಾ ಎಂಬುದನ್ನೂ ಕೋರ್ಟ್ ನೋಡುತ್ತದೆ. ಆದರೆ ಈ ಸೂಕ್ಷ್ಮಗಳನ್ನು ನಂಬಿಕೊಂಡು ಜೋಕ್ ಹೊಡೆಯುವವರನ್ನು ನಾನು ಜಾಣರು ಅನ್ನಲಾರೆ.

ನಾನು ಬರ್ದಿದ್ದಲ್ಲ, ಬಂದಿದ್ದನ್ನ ಫಾರ್ವರ್ಡ್ ಮಾಡ್ದೆ. ನನಗೇನು ಸಂಬಂಧ?

ನಿಮ್ಮ ಹೆಸರಿನಿಂದ ಹೋದದ್ದು ನಿಮ್ಮದೇ. ಇದು ವಾಟ್ಸ್ಯಾಪ್ ಕಾಲದ ಸಮಸ್ಯೆ ಅಂದುಕೊಳ್ಳಬೇಡಿ. ಇ-ಮೇಲ್ ಇನ್ನೂ ಹೊಸದಾಗಿದ್ದ 1995ರಲ್ಲೇ ಅಮೆರಿಕದ ತೈಲ ಕಂಪನಿ ಶೆವ್ರಾನ್ ನಾಲ್ವರು ಮಹಿಳಾ ಉದ್ಯೋಗಿಗಳ ದೂರು ಇತ್ಯರ್ಥ ಮಾಡಲು 22 ಲಕ್ಷ ಡಾಲರ್ ಕೊಟ್ಟಿತು. ದೂರಿನಲ್ಲಿದ್ದ ಸಾಕ್ಷ್ಯಗಳಲ್ಲಿ ಒಂದು, ಕಚೇರಿಯೊಳಗೆ ಓಡಾಡಿದ ‘ಹೆಂಗಸರಿಗಿಂತ ಬಿಯರ್ ಯಾಕೆ ಮೇಲು’ ಎಂಬುದಕ್ಕೆ 25 ಕಾರಣಗಳ ಪಟ್ಟಿ. ಇಂಥ ಪಟ್ಟಿಗಳು ಈಗಲೂ ನಮ್ಮ ಗುಂಪುಗಳಲ್ಲಿ ವೇಷ ಬದಲಿಸಿಕೊಂಡು ಓಡಾಡುತ್ತಿವೆ. ‘ಹೆಂಡತಿ ಜೋಕು’ ಅಂತ ಹೆಸರು.

ಗುಂಪಿನ ಅಡ್ಮಿನ್ ಆಗಿದ್ದರೆ? ಸದಸ್ಯರು ಹಾಕಿದ್ದಕ್ಕೆ ಅಡ್ಮಿನ್ ಮೇಲೆ ಕ್ರಿಮಿನಲ್ ಹೊಣೆ ಬರುವುದಿಲ್ಲ ಎಂದು ಬಾಂಬೆ ಹೈಕೋರ್ಟ್ 2021ರಲ್ಲಿ, ಕೇರಳ ಹೈಕೋರ್ಟ್ 2022ರಲ್ಲಿ ಹೇಳಿವೆ. ಅದು ಜೈಲಿನ ಮಾತು. ಆಫೀಸ್ ಗುಂಪಿನ ಅಡ್ಮಿನ್ ಅದೇ ತಂಡದ ಮ್ಯಾನೇಜರ್ ಆಗಿದ್ದು, ತಿಂಗಳುಗಟ್ಟಲೆ ನೋಡಿಯೂ ಸುಮ್ಮನಿದ್ದರೆ ಕಂಪನಿ ಕೇಳುವ ಪ್ರಶ್ನೆಗೆ ಆ ತೀರ್ಪುಗಳು ಉತ್ತರ ಕೊಡುವುದಿಲ್ಲ. ಇನ್ನು ಡಿಲೀಟ್ ಮಾಡಿದರೂ ಸ್ಕ್ರೀನ್‌ಶಾಟ್ ಎಲ್ಲೋ ಕೂತಿರುತ್ತದೆ.

ಚಾಟ್‌ನಲ್ಲಿ ವ್ಯಂಗ್ಯವಾಗಿ ಬರೆದದ್ದು ಉಲ್ಟಾ ಹೊಡೀತು. ಎಲ್ಲರಿಗೂ ಅರ್ಥ ಆಗುತ್ತೆ ಅಂದುಕೊಂಡಿದ್ದೆ.

ಬರೆಯುವಾಗ ನಿಮ್ಮ ತಲೆಯಲ್ಲಿ ಧ್ವನಿ ಇರುತ್ತದೆ. ಓದುವವರಿಗೆ ಅಕ್ಷರ ಮಾತ್ರ. 2005ರಲ್ಲಿ ಜಸ್ಟಿನ್ ಕ್ರೂಗರ್ ಮತ್ತು ನಿಕೊಲಸ್ ಎಪ್ಲಿ ತಂಡ ಇದನ್ನು ಅಳೆಯಿತು. ಇ-ಮೇಲ್‌ನಲ್ಲಿ ತಮ್ಮ ವ್ಯಂಗ್ಯ ಶೇ 78ರಷ್ಟು ಸಲ ಅರ್ಥವಾಗುತ್ತದೆ ಎಂದು ಬರೆದವರು ಅಂದಾಜಿಸಿದರು. ಓದಿದವರಿಗೆ ಸರಿಯಾಗಿ ತಿಳಿದದ್ದು ಶೇ 56ರಷ್ಟು ಸಲ. ನಾಣ್ಯ ಚಿಮ್ಮಿ ಹೇಳಿದ್ದರೂ ಹೆಚ್ಚುಕಡಿಮೆ ಅಷ್ಟೇ ಆಗುತ್ತಿತ್ತು. “ಸೂಪರ್ ಕೆಲಸ ಮಾಡಿದ್ರಿ” ಎಂದು ತಡವಾಗಿ ಫೈಲ್ ಕಳಿಸಿದವರಿಗೆ ಬರೆದರೆ ಅವರು ಥ್ಯಾಂಕ್ಸ್ ಹೇಳಬಹುದು, ಅಥವಾ ರಾತ್ರಿ ನಿದ್ದೆ ಕಳೆದುಕೊಳ್ಳಬಹುದು. ಎರಡೂ ನಿಮಗೆ ಬೇಕಾದದ್ದಲ್ಲ.

ಬಾಸ್ ಜೋಕಿಗೆ ನಗದಿದ್ರೆ ಮುಖ ಸಪ್ಪೆ ಮಾಡ್ಕೋತಾರೆ. ನಗೋಕೆ ಮನಸ್ಸಿಲ್ಲ. ಏನ್ ಮಾಡ್ಲಿ?

ಜಗಳಕ್ಕೆ ನಿಲ್ಲಬೇಕಿಲ್ಲ. ನಗಲೂ ಬೇಕಿಲ್ಲ. ಮುಖ ಬದಲಿಸದೆ “ಸರ್, ನನಗೆ ಅರ್ಥ ಆಗ್ಲಿಲ್ಲ, ಇನ್ನೊಮ್ಮೆ ಹೇಳ್ತೀರಾ?” ಎಂದು ಕೇಳಿ. ಕೊಳಕು ಜೋಕನ್ನು ಬಿಡಿಸಿ ವಿವರಿಸುವುದು ಬಹಳ ಕಷ್ಟದ ಕೆಲಸ. ಎರಡನೇ ವಾಕ್ಯಕ್ಕೇ ತಡವರಿಸುತ್ತಾರೆ. ಅಷ್ಟು ಧೈರ್ಯ ಇಲ್ಲದಿದ್ದರೆ ಲ್ಯಾಪ್‌ಟಾಪ್ ಕಡೆ ತಿರುಗಿ “ಮುಂದಿನ ಸ್ಲೈಡ್‌ಗೆ ಹೋಗೋಣ್ವಾ?” ಅನ್ನಿ. ಪಕ್ಕದಲ್ಲಿ ಇನ್ನೊಬ್ಬರು ನಗದವರು ಇದ್ದರೆ ಅರ್ಧ ಕೆಲಸ ಆದಂತೆ. ಜೋಕು ನಗುವನ್ನು ನಂಬಿಕೊಂಡು ಬದುಕುತ್ತದೆ.

ದಿನಾ ನನ್ನ ಮೇಲೇ ಜೋಕು. ಹೇಳಿದ್ರೆ “ಇಷ್ಟಕ್ಕೆಲ್ಲ ಬೇಜಾರಾ?” ಅಂತಾರೆ.

ಆ ಪ್ರಶ್ನೆಗೆ ಉತ್ತರ “ಹೌದು”. ವಿವರಣೆ ಕೊಡಲು ಹೋಗಬೇಡಿ. ಮಾಡುತ್ತಿರುವವರನ್ನು ಒಬ್ಬರೇ ಇದ್ದಾಗ ಕರೆದು, ಯಾವ ಮಾತು ಬೇಡ ಎಂಬುದನ್ನು ಆ ಮಾತನ್ನೇ ಹೇಳಿ ತಿಳಿಸಿ. “ನೀವು ಯಾವಾಗ್ಲೂ ಹೀಗೇ” ಅನ್ನುವುದಕ್ಕಿಂತ “ಮಂಗಳವಾರ ಕ್ಲೈಂಟ್ ಎದುರು ನನ್ನ ಬಣ್ಣದ ಬಗ್ಗೆ ಹೇಳಿದ್ದು ನನಗೆ ಬೇಡ” ಎಂಬುದು ಗಟ್ಟಿ. ಅದೇ ದಿನ ಒಂದು ಇ-ಮೇಲ್ ನಿಮಗೇ ಬರೆದುಕೊಳ್ಳಿ. ಯಾವತ್ತು, ಎಲ್ಲಿ, ಯಾರು ಯಾರು ಇದ್ದರು, ಏನು ಮಾತು. ಅದನ್ನು ನಿಮ್ಮ ಸ್ವಂತ ವಿಳಾಸಕ್ಕೆ ಕಳಿಸಿ. ಕೆಲಸ ಬಿಟ್ಟ ದಿನ ಕಂಪನಿ ಲಾಗಿನ್ ಹೋಗುತ್ತದೆ. ಕಂಪನಿಯ ಗುಟ್ಟಿನ ಕಡತ ಮಾತ್ರ ಅದಕ್ಕೆ ಸೇರಿಸಬೇಡಿ.

## ಕಾನೂನಿನವು

ಒಂದೇ ಒಂದು ಜೋಕಿಗೆ ಪೋಶ್ ಕೇಸ್ ಹಾಕ್ಬಿಡ್ತಾರಾ?

ಅತಿ ಹೆಚ್ಚು ಕೇಳುವ ಪ್ರಶ್ನೆ ಇದು, ಹೆಚ್ಚಾಗಿ ಗಂಡಸರೇ ಕೇಳುವುದು. ಸ್ವಲ್ಪ ನಿಧಾನವಾಗಿ ನೋಡೋಣ.

ಭಾರತದಲ್ಲಿ ಈ ದಾರಿ ಶುರುವಾದದ್ದು ಕೆಲಸದ ಜಾಗದ ಲೈಂಗಿಕ ಕಿರುಕುಳ ತಡೆಯಲು ಸುಪ್ರೀಂ ಕೋರ್ಟ್ ಕೊಟ್ಟ 1997ರ ವಿಶಾಖಾ ತೀರ್ಪಿನಿಂದ. ಅದರ ಹಿಂದೆ ಇದ್ದದ್ದು 1992ರಲ್ಲಿ ರಾಜಸ್ಥಾನದ ಭಂವರಿ ದೇವಿಯವರ ಮೇಲೆ ನಡೆದ ಅತ್ಯಾಚಾರ. ಬಾಲ್ಯವಿವಾಹ ತಡೆಯುವ ಸರ್ಕಾರಿ ಕೆಲಸ ಮಾಡಿದ್ದಕ್ಕೆ ಅವರಿಗೆ ಸಿಕ್ಕ ಸೇಡು ಅದು. 2013ರಲ್ಲಿ ಸಂಸತ್ತು ಪೋಶ್ ಕಾಯ್ದೆ ಮಾಡಿತು, ಆ ವರ್ಷದ ಡಿಸೆಂಬರ್ 9ರಿಂದ ಜಾರಿಗೆ ಬಂತು. ಮುಟ್ಟುವುದು, ಲೈಂಗಿಕ ಬೇಡಿಕೆ ಇಡುವುದು, ಅಶ್ಲೀಲ ಚಿತ್ರ ತೋರಿಸುವುದು ಇವುಗಳ ಜೊತೆಗೆ ‘ಲೈಂಗಿಕ ಛಾಯೆಯ ಮಾತು’ ಕೂಡ ಅದರ ವ್ಯಾಖ್ಯೆಯಲ್ಲಿದೆ. ಡಬಲ್ ಮೀನಿಂಗ್ ಜೋಕು ಬರುವುದು ಇಲ್ಲಿ. ಎಷ್ಟು ಸಲ ಹೇಳಿದ್ದು ಎಂಬ ಕನಿಷ್ಠ ಸಂಖ್ಯೆ ಕಾಯ್ದೆಯಲ್ಲಿ ಇಲ್ಲ. ಮಾತು ಅಷ್ಟು ಕೆಟ್ಟದಾಗಿದ್ದರೆ ಒಂದೇ ಸಲವೂ ಸಾಕಾಗಬಹುದು.

ಆದರೆ ಕಚೇರಿಯಲ್ಲಿ ಆಡಿದ ಪ್ರತಿಯೊಂದು ಅಸಡ್ಡಾಳ ಮಾತೂ ಲೈಂಗಿಕ ಕಿರುಕುಳ ಆಗುವುದಿಲ್ಲ. ಇದಕ್ಕೆ 2025ರ ಮಾರ್ಚ್‌ನಲ್ಲಿ ಬಾಂಬೆ ಹೈಕೋರ್ಟ್ ಕೊಟ್ಟ ತೀರ್ಪು ಒಳ್ಳೆಯ ಉದಾಹರಣೆ. ಖಾಸಗಿ ಬ್ಯಾಂಕೊಂದರ ತರಬೇತಿಯಲ್ಲಿ ಒಬ್ಬ ಮಹಿಳೆ ಉದ್ದ ಕೂದಲನ್ನು ಮತ್ತೆ ಮತ್ತೆ ಸರಿಮಾಡಿಕೊಳ್ಳುತ್ತಿದ್ದರು. ಸಹೋದ್ಯೋಗಿ “ಕೂದಲು ಸಂಭಾಳಿಸೋಕೆ ಜೆಸಿಬಿ ಬೇಕಾಗುತ್ತೇನೋ” ಎಂಬರ್ಥದ ಮಾತು ಹೇಳಿ, ಕೂದಲಿನ ಬಗ್ಗೆ ಇರುವ ಹಳೇ ಹಿಂದಿ ಹಾಡಿನ ಸಾಲು ಗುನುಗಿದರು. ದೂರಾಯಿತು. ಇಂಥ ದೂರು ವಿಚಾರಿಸಲು ಕಚೇರಿಯೊಳಗೇ ಇರುವ ಆಂತರಿಕ ಸಮಿತಿ ತಪ್ಪು ಅಂದಿತು, ಅವರಿಗೆ ಹಿಂಬಡ್ತಿ ಆಯಿತು, ಕೈಗಾರಿಕಾ ನ್ಯಾಯಾಲಯವೂ ಸಮಿತಿಯ ಪರ ನಿಂತಿತು. ಹೈಕೋರ್ಟ್ ಎರಡನ್ನೂ ರದ್ದು ಮಾಡಿತು. ಆರೋಪ ಪೂರ್ತಿ ನಿಜ ಅಂದುಕೊಂಡರೂ ಇದು ಲೈಂಗಿಕ ಕಿರುಕುಳ ಆಗುವುದಿಲ್ಲ ಎಂದಿತು.

ತೀರ್ಪು ಓದಿ ಖುಷಿಪಟ್ಟವರಿಗೆ ನಾನು ಇನ್ನೊಂದು ಲೆಕ್ಕ ತೋರಿಸುತ್ತೇನೆ. ಆ ಘಟನೆ 2022ರದ್ದು. ಎರಡು ವಾಕ್ಯದ ಚಟಾಕಿಗೆ ಸುಮಾರು ಮೂರು ವರ್ಷ ಕೋರ್ಟು, ವಕೀಲರು, ಕೆಳಗಿಳಿದ ಹುದ್ದೆ. ಗೆದ್ದದ್ದು ನಿಜ.

ಜೋಕ್ ಆಡಿದ್ದು ಟೀಮ್ ಔಟಿಂಗ್‌ನಲ್ಲಿ, ಆಫೀಸಲ್ಲಲ್ಲ. ಅದೂ ಲೆಕ್ಕಕ್ಕೆ ಬರುತ್ತಾ?

ಬರುತ್ತದೆ. ಕೆಲಸದ ನಿಮಿತ್ತ ಹೋದ ಯಾವುದೇ ಜಾಗ, ಕಂಪನಿ ಕೊಟ್ಟ ಕ್ಯಾಬ್ ಕೂಡ 2013ರ ಕಾಯ್ದೆ ಪ್ರಕಾರ ಕೆಲಸದ ಸ್ಥಳವೇ. ಸಕಲೇಶಪುರದ ರೆಸಾರ್ಟಿನಲ್ಲಿ ಬೆಂಕಿ ಹಾಕಿಕೊಂಡು ಕೂತಾಗಲೂ ನೀವು ಆಫೀಸಿನಲ್ಲೇ ಇದ್ದೀರಿ. ರಾತ್ರಿ ಪಾಳಿಯ ಕ್ಯಾಬಿನಲ್ಲಿ ಇಳಿದು ಹೋಗುವ ದಾರಿಯೂ ಇರುವುದಿಲ್ಲ, ಅದು ಇನ್ನೂ ಕೆಟ್ಟದು.

ದೂರು ಕೊಡೋಕೆ ಎಷ್ಟು ಟೈಮ್ ಇದೆ? ಕೊಟ್ಟ ಮೇಲೆ ಏನಾಗುತ್ತೆ?

ಘಟನೆ ನಡೆದ 3 ತಿಂಗಳೊಳಗೆ ಬರಹದಲ್ಲಿ ಕೊಡಬೇಕು. ಸರಣಿ ಘಟನೆಗಳಿದ್ದರೆ ಕೊನೆಯದರಿಂದ ಲೆಕ್ಕ. ಸರಿಯಾದ ಕಾರಣ ಇದ್ದರೆ ಸಮಿತಿ ಇನ್ನೂ 3 ತಿಂಗಳು ಕೊಡಬಹುದು. ವಿಚಾರಣೆ 90 ದಿನದಲ್ಲಿ ಮುಗಿಯಬೇಕು, ವರದಿ 10 ದಿನದಲ್ಲಿ ಕೊಡಬೇಕು, ಮಾಲೀಕರು 60 ದಿನದಲ್ಲಿ ಕ್ರಮ ತೆಗೆದುಕೊಳ್ಳಬೇಕು. ದೂರುದಾರರು ಬಯಸಿದರೆ ವಿಚಾರಣೆಗೆ ಮೊದಲು ರಾಜಿಗೆ ಅವಕಾಶ ಇದೆ, ಆದರೆ ಹಣ ಕೊಟ್ಟು ಮುಗಿಸುವ ಹಾಗಿಲ್ಲ. ಜೋಕಿನ ಪ್ರಕರಣಗಳಲ್ಲಿ ಈ ರಾಜಿ ದಾರಿ ಎಷ್ಟೋ ಸಲ ಒಳ್ಳೆಯದು. ಹಲವರಿಗೆ ಬೇಕಿರುವುದು ಶಿಕ್ಷೆ ಅಲ್ಲ, ಅದು ನಿಲ್ಲಬೇಕು ಅಷ್ಟೇ.

ದೂರು ಸಾಬೀತಾಗದಿದ್ದರೆ ದೂರು ಕೊಟ್ಟವರಿಗೇ ಶಿಕ್ಷೆ ಎಂಬ ಹೆದರಿಕೆ ಹಬ್ಬಿದೆ. ಹಾಗಿಲ್ಲ. ಬೇಕಂತ ಸುಳ್ಳು ಹೇಳಿದ್ದು ವಿಚಾರಣೆಯಲ್ಲಿ ಗೊತ್ತಾದರೆ ಮಾತ್ರ ಕ್ರಮ. ಸಾಕ್ಷಿ ಸಾಲದೆ ಹೋಗುವುದು ಸುಳ್ಳಲ್ಲ ಎಂದು ಕಾಯ್ದೆಯಲ್ಲೇ ಬರೆದಿದೆ.

ನಮ್ಮದು ಆರು ಜನರ ಅಂಗಡಿ. ಸಮಿತಿ ಗಿಮಿತಿ ಏನೂ ಇಲ್ಲ. ಯಾರಿಗೆ ಹೇಳೋದು?

ಜಿಲ್ಲೆಯ ಸ್ಥಳೀಯ ಸಮಿತಿಗೆ. 10ಕ್ಕಿಂತ ಕಡಿಮೆ ಜನ ಇರುವ ಕಡೆ ಮತ್ತು ಮಾಲೀಕರ ಮೇಲೇ ದೂರು ಇರುವಾಗ ಹೋಗಬೇಕಾದದ್ದು ಅಲ್ಲಿಗೆ. 10 ಮತ್ತು ಹೆಚ್ಚು ಜನರಿದ್ದೂ ಆಂತರಿಕ ಸಮಿತಿ ಮಾಡದ ಮಾಲೀಕರಿಗೆ 50,000 ರೂಪಾಯಿವರೆಗೆ ದಂಡ ಇದೆ. ಕೇಂದ್ರ ಸರ್ಕಾರದ ಶೀ-ಬಾಕ್ಸ್ ಪೋರ್ಟಲ್‌ನಲ್ಲೂ ದೂರು ಹಾಕಬಹುದು.

ಗಂಡಸರ ಮೇಲೆ ಹೆಂಗಸರು ಜೋಕ್ ಮಾಡಿದ್ರೆ ಯಾರೂ ಕೇಳಲ್ಲ ಅಲ್ವಾ?

2013ರ ಕಾಯ್ದೆಯಡಿ ದೂರು ಕೊಡುವವರು ಮಹಿಳೆಯೇ ಆಗಿರಬೇಕು, ಅದು ನಿಜ. ದೂರು ಯಾರ ಮೇಲೆ ಎಂಬುದಕ್ಕೆ ಆ ಮಿತಿ ಇಲ್ಲ, ಅವರೂ ಮಹಿಳೆ ಆಗಿರಬಹುದು. ಗಂಡಸರಿಗೆ ಉಳಿಯುವುದು ಕಂಪನಿಯ ನಿಯಮಾವಳಿ. ಹಲವು ದೊಡ್ಡ ಕಂಪನಿಗಳು ಅದನ್ನು ಎಲ್ಲರಿಗೂ ಅನ್ವಯ ಆಗುವಂತೆ ಬರೆದಿವೆ, ನಿಮ್ಮದನ್ನು ತೆಗೆದು ಓದಿ. ಬೋಳುತಲೆ, ಮದುವೆ ಆಗದಿರುವುದು, ‘ಗಂಡಸಾಗಿ ಅಳ್ತೀಯಾ’, ಇವೆಲ್ಲ ಗಂಡಸರ ಬಾಯಿಂದಲೇ ಜಾಸ್ತಿ ಕೇಳಿದ್ದೇನೆ ಎಂಬುದು ಬೇರೆ ಮಾತು.

ಅಂಗವಿಕಲರ ಬಗ್ಗೆ ತಮಾಷೆ ಮಾಡಲೇಬಾರದಾ? ನಮ್ಮ ಸಹೋದ್ಯೋಗಿ ತಾವೇ ಮಾಡ್ಕೋತಾರೆ.

ಅವರು ಮಾಡಿಕೊಳ್ಳಲಿ, ಅದು ಅವರ ಹಕ್ಕು. 2024ರ ಜುಲೈನಲ್ಲಿ ಸುಪ್ರೀಂ ಕೋರ್ಟ್ ಒಂದು ಸಿನಿಮಾ ಪ್ರಕರಣದಲ್ಲಿ ಇದೇ ಗೆರೆ ಎಳೆಯಿತು. ಅಂಗವಿಕಲತೆಯನ್ನು ಅರ್ಥ ಮಾಡಿಸುವ ಹಾಸ್ಯ ಬೇರೆ, ಅಂಗವಿಕಲರನ್ನು ಕೀಳು ಮಾಡುವ ಹಾಸ್ಯ ಬೇರೆ ಎಂದಿತು. ಅಂಗವಿಕಲರ ಹಕ್ಕುಗಳ ಕಾಯ್ದೆ 2016ರ 92ನೇ ಕಲಮಿನ ಪ್ರಕಾರ ಸಾರ್ವಜನಿಕರೆದುರು ಬೇಕಂತ ಅವಮಾನ ಮಾಡಿದರೆ 6 ತಿಂಗಳಿಂದ 5 ವರ್ಷ ಜೈಲು. ಕುಂಟ, ಕಿವುಡ ಎಂಬ ಪದಗಳನ್ನು ನಾವು ಬೈಗುಳವಾಗಿ ಎಷ್ಟು ಸಲೀಸಾಗಿ ಬಳಸುತ್ತೇವೆ ಎಂದು ಒಂದು ದಿನ ಕಿವಿಗೊಟ್ಟು ಕೇಳಿ.

## ಇಕ್ಕಟ್ಟಿನವು

ನಾನು ಮ್ಯಾನೇಜರ್. ನಾನೇ ಜೋಕ್ ಮಾಡಿದ್ರೆ ಟೀಮ್ ಹಗುರಾಗಿರುತ್ತೆ ಅಂತ ನನ್ನ ನಂಬಿಕೆ.

ಹಗುರಾಗುತ್ತದೆ, ಅದರ ಜೊತೆ ಇನ್ನೊಂದೂ ಆಗುತ್ತದೆ. ಮೇಲಿನವರು ಯಾವುದಕ್ಕೆ ನಗುತ್ತಾರೋ ಅದಕ್ಕೆ ಅನುಮತಿ ಇದೆ ಎಂದು ತಂಡ ಓದಿಕೊಳ್ಳುತ್ತದೆ. 2018ರಲ್ಲಿ ಪ್ರಕಟವಾದ ಕೈ ಚಿ ಯಾಮ್ ಮತ್ತು ಸಂಗಡಿಗರ ಅಧ್ಯಯನ ಇದನ್ನೇ ಹೇಳುತ್ತದೆ. ತಮಾಷೆ ಮಾಡುವ ಮೇಲಧಿಕಾರಿ ಇರುವ ಕಡೆ ಜನ ಕೆಲಸದಲ್ಲಿ ಹೆಚ್ಚು ತೊಡಗಿಕೊಂಡರು, ಆದರೆ ನಿಯಮ ಮುರಿಯುವುದೂ ಹೆಚ್ಚಾಯಿತು. ಅದರಲ್ಲೂ ಅಧಿಕಾರಿಯ ತಮಾಷೆ ಚುಚ್ಚುವಂಥದ್ದಾಗಿದ್ದಾಗ.

ಪೂರ್ವಗ್ರಹದ ಜೋಕುಗಳ ಬಗ್ಗೆ ಥಾಮಸ್ ಫೋರ್ಡ್ ಎಂಬ ಮನಶ್ಶಾಸ್ತ್ರಜ್ಞರು ವರ್ಷಗಟ್ಟಲೆ ಕೆಲಸ ಮಾಡಿದ್ದಾರೆ. ಅವರು ಕಂಡದ್ದು ಇಷ್ಟು. ಹೆಂಗಸರನ್ನು ಹೀಗಳೆಯುವ ಜೋಕು ಎಲ್ಲರನ್ನೂ ಕೆಡಿಸುವುದಿಲ್ಲ. ಆದರೆ ಒಳಗೆ ಮೊದಲೇ ಆ ಭಾವನೆ ಇಟ್ಟುಕೊಂಡು ಸುಮ್ಮನಿದ್ದವರಿಗೆ ಅದು ಬಾಗಿಲು ತೆಗೆದುಕೊಡುತ್ತದೆ. ನೀವು ನಗಿಸಿ ಮೀಟಿಂಗ್‌ನಿಂದ ಎದ್ದು ಹೋಗಿರುತ್ತೀರಿ. ಆಮೇಲೆ ಆ ರೂಮಿನಲ್ಲಿ ನಡೆಯುವುದು ನಿಮಗೆ ಕಾಣುವುದಿಲ್ಲ.

ನಾನು ಯಾರ ಮೇಲೂ ಅಲ್ಲ, ನಮ್ಮ ಕಂಪನಿ ಮೇಲೇ ಜೋಕ್ ಮಾಡೋದು. ಅದು ಸೇಫ್ ಅಲ್ವಾ?

ಕ್ಯಾಂಟೀನಿನಲ್ಲಿ ಸೇಫ್, ಮೈಕಿನ ಮುಂದೆ ಅಲ್ಲ. ಬ್ರಿಟನ್ನಿನ ಆಭರಣ ವ್ಯಾಪಾರಿ ಜೆರಾಲ್ಡ್ ರಾಟ್ನರ್ 1991ರ ಏಪ್ರಿಲ್‌ನಲ್ಲಿ ಲಂಡನ್ನಿನ ರಾಯಲ್ ಆಲ್ಬರ್ಟ್ ಹಾಲ್‌ನಲ್ಲಿ ಭಾಷಣ ಮಾಡಿದರು. ತಮ್ಮ ಅಂಗಡಿಯ ಗಾಜಿನ ಹೂಜಿ, ಲೋಟಗಳ ಸೆಟ್ ಇಷ್ಟು ಅಗ್ಗ ಯಾಕೆಂದರೆ ಅದು ಶುದ್ಧ ಕಸ ಎಂದರು. ತಾವು ಮಾರುವ ಓಲೆಗಿಂತ ಸಿಗಡಿ ಸ್ಯಾಂಡ್‌ವಿಚ್ ಜಾಸ್ತಿ ಬಾಳಿಕೆ ಬರಬಹುದು ಎಂದೂ ಸೇರಿಸಿದರು. ಸಭೆ ನಕ್ಕಿತು. ಮರುದಿನ ಪತ್ರಿಕೆಗಳಲ್ಲಿ ಅದನ್ನು ಓದಿದವರು ಆ ಓಲೆ ಕೊಂಡಿದ್ದ ಜನ. ಕಂಪನಿಯ ಬೆಲೆ ಸುಮಾರು 50 ಕೋಟಿ ಪೌಂಡ್ ಕುಸಿಯಿತು. ಮುಂದಿನ ವರ್ಷ ಅವರು ಹೊರಬಿದ್ದರು, ಅದರ ಮುಂದಿನ ವರ್ಷ ಕಂಪನಿ ಹೆಸರನ್ನೇ ಬದಲಿಸಿಕೊಂಡಿತು. ಜೋಕಿನಿಂದ ಅವಮಾನವಾದದ್ದು ಕಂಪನಿಗಲ್ಲ, ಉಳಿಸಿದ ಕಾಸಿನಲ್ಲಿ ನಿಶ್ಚಿತಾರ್ಥಕ್ಕೆ ಉಂಗುರ ಕೊಂಡವರಿಗೆ. ಅವರು ತಿರುಗಿ ಹೇಳಿದ್ದು ಅಂಗಡಿಗೆ ಹೋಗದೆ.

ನಾವು ಸೀರಿಯಲ್‌ಗೆ ಕಾಮಿಡಿ ಬರೆಯೋ ತಂಡ. ಡಬಲ್ ಮೀನಿಂಗ್ ಇಲ್ಲದೆ ಚರ್ಚೆನೇ ಆಗಲ್ಲ. ನಮ್ಮ ಕಥೆ ಏನು?

ಇದು ನಿಜವಾಗಿ ಕಷ್ಟದ ಪ್ರಶ್ನೆ. ಅಮೆರಿಕದ ಒಂದು ಪ್ರಸಿದ್ಧ ಟಿವಿ ಹಾಸ್ಯ ಸರಣಿಯ ಬರಹಗಾರರ ಕೋಣೆಯಲ್ಲಿ ಟಿಪ್ಪಣಿ ಮಾಡುತ್ತಿದ್ದ ಮಹಿಳೆ ಅಲ್ಲಿನ ಲೈಂಗಿಕ ಮಾತುಗಳ ಬಗ್ಗೆ ಕೇಸು ಹಾಕಿದ್ದರು. ಕ್ಯಾಲಿಫೋರ್ನಿಯಾದ ಸುಪ್ರೀಂ ಕೋರ್ಟ್ 2006ರಲ್ಲಿ ಅದನ್ನು ಒಪ್ಪಲಿಲ್ಲ. ಆ ಮಾತುಗಳು ಅವರನ್ನು ಗುರಿ ಮಾಡಿದ್ದಲ್ಲ, ವಯಸ್ಕರ ಹಾಸ್ಯ ಬರೆಯುವ ಕೆಲಸದ ಭಾಗ ಎಂದಿತು. ಭಾರತದ ಕೋರ್ಟು ಹಾಗೇ ಹೇಳಬೇಕೆಂದೇನೂ ಇಲ್ಲ. ಆದರೆ ಗೆರೆ ಉಪಯೋಗಕ್ಕೆ ಬರುತ್ತದೆ. ದೃಶ್ಯದ ಪಾತ್ರದ ಬಗ್ಗೆ ಬರೆದದ್ದು ಕೆಲಸ. ಮೂಲೆಯಲ್ಲಿ ಕೂತ ಸಹಾಯಕಿಯ ಬಗ್ಗೆ ಆಡಿದ್ದು ಕೆಲಸ ಅಲ್ಲ. ಸೇರುವ ದಿನವೇ ‘ಇಲ್ಲಿ ಇಂಥ ಮಾತು ಇರುತ್ತೆ’ ಎಂದು ಹೇಳಿಬಿಡಿ.

ಆಸ್ಪತ್ರೆಯಲ್ಲಿ ಸಾವು ನೋಡಿ ನೋಡಿ ನಾವು ಆಡೋ ಜೋಕು ಹೊರಗಿನವರಿಗೆ ಕ್ರೂರ ಅನ್ಸುತ್ತೆ. ಬಿಡ್ಬೇಕಾ?

ಬಿಡಿ ಎಂದು ನಾನು ಹೇಳಲಾರೆ. ತುರ್ತು ಚಿಕಿತ್ಸೆ ವಾರ್ಡು, ಶವಾಗಾರ, ಅಗ್ನಿಶಾಮಕ ಠಾಣೆ, ಇಂಥ ಕಡೆ ಕಪ್ಪು ಹಾಸ್ಯ ಮನಸ್ಸು ಉಳಿಸಿಕೊಳ್ಳುವ ಒಂದು ದಾರಿ. ಸಾವಿನ ಮೇಲೆ ಜೋಕ್ ಮಾಡುವುದಕ್ಕೂ ಸತ್ತವರ ಮೇಲೆ ಮಾಡುವುದಕ್ಕೂ ವ್ಯತ್ಯಾಸ ಇದೆ, ಅಷ್ಟೇ. ಕಾರಿಡಾರಿನಲ್ಲಿ ಕೂತ ಸಂಬಂಧಿಕರಿಗೆ ನಿಮ್ಮ ನಗು ಕೇಳಿಸುತ್ತದೆ, ಕಾರಣ ಕೇಳಿಸುವುದಿಲ್ಲ. ಬಾಗಿಲು ಹಾಕಿಕೊಳ್ಳಿ.

ಲಂಡನ್, ಅಮೆರಿಕ ಟೀಮ್ ಜೊತೆ ಕೆಲಸ. ಅಲ್ಲಿ ನಿಯಮ ಬೇರೆನಾ?

ಬೇರೆ. ಬ್ರಿಟನ್ನಿನ ಸಮಾನತಾ ಕಾಯ್ದೆ 2010ರಲ್ಲಿ ಕಿರುಕುಳ ಎಂದರೆ ಉದ್ದೇಶ ಅಥವಾ ಪರಿಣಾಮ, ಎರಡರಲ್ಲಿ ಒಂದಿದ್ದರೂ ಸಾಕು. ಜನಾಂಗ, ಧರ್ಮ, ವಯಸ್ಸು, ಅಂಗವಿಕಲತೆ ಎಲ್ಲ ಅದರಲ್ಲಿವೆ, ಗಂಡಸರೂ ದೂರು ಕೊಡಬಹುದು. 2024ರ ಅಕ್ಟೋಬರ್ 26ರಿಂದ ಲೈಂಗಿಕ ಕಿರುಕುಳ ಆಗದಂತೆ ಮೊದಲೇ ತಡೆಯುವ ಹೊಣೆಯೂ ಮಾಲೀಕರ ಮೇಲಿದೆ. ಅಮೆರಿಕದಲ್ಲಿ ಅಳತೆ ಸ್ವಲ್ಪ ಎತ್ತರದಲ್ಲಿದೆ, ಸಣ್ಣಪುಟ್ಟ ಚೇಷ್ಟೆ ಸಾಲದು. ಕಿರುಕುಳ ತೀವ್ರವಾಗಿರಬೇಕು ಅಥವಾ ಕೆಲಸದ ವಾತಾವರಣವೇ ಕೆಡುವಷ್ಟು ಪದೇ ಪದೇ ನಡೆಯುತ್ತಿರಬೇಕು. ಆದರೆ ಕಂಪನಿಗಳು ಅಲ್ಲಿಯವರೆಗೆ ಕಾಯುವುದಿಲ್ಲ. ಅಲ್ಲಿನ ಹಲವು ರಾಜ್ಯಗಳಲ್ಲಿ ಕಾರಣ ಕೊಡದೆಯೇ ಕೆಲಸದಿಂದ ತೆಗೆಯಬಹುದು.

ಇಲ್ಲಿಂದ ಹೋದವರು ಎಡವುವ ಜಾಗ ವಯಸ್ಸು ಮತ್ತು ಮೈತೂಕ. ನಮ್ಮಲ್ಲಿ “ದಪ್ಪ ಆಗಿದ್ದೀರಲ್ಲ” ಅನ್ನುವುದು ಕುಶಲ ಪ್ರಶ್ನೆ. ಅಲ್ಲಿ ಅದನ್ನು ನಗುತ್ತ ಹೇಳಿದರೂ ರೂಮು ತಣ್ಣಗಾಗುತ್ತದೆ.

ಬಾಯಿ ಜಾರಿಬಿಡ್ತು. ಈಗ ಹೇಗೆ ಸರಿಮಾಡೋದು?

ಅವತ್ತೇ ಮಾಡಿ. ಎಲ್ಲರೆದುರು ಆಡಿದ್ದರೆ ಎಲ್ಲರೆದುರೇ ಒಂದು ಸಾಲು: “ಈಗ ನಾನು ಹೇಳಿದ್ದು ಸರಿ ಇರಲಿಲ್ಲ, ಸಾರಿ.” ಆಮೇಲೆ ಮುಂದಿನ ವಿಷಯಕ್ಕೆ ಹೋಗಿ. ಉದ್ದುದ್ದ ಮಾತಾಡಿದರೆ ಎಲ್ಲರ ಕಣ್ಣು ಮತ್ತೆ ಜೋಕಿಗೆ ಗುರಿಯಾದವರ ಮೇಲೇ ಬೀಳುತ್ತದೆ. ‘ನಿಮಗೆ ಬೇಜಾರಾಗಿದ್ದರೆ ಕ್ಷಮಿಸಿ’ ಬೇಡ. ಅದು ತಪ್ಪನ್ನು ಅವರ ಮನಸ್ಸಿಗೆ ವರ್ಗಾಯಿಸುತ್ತದೆ. ‘ನಾನು ಅಂಥವನಲ್ಲ’ ಕೂಡ ಬೇಡ, ಅವರು ಅದನ್ನು ಕೇಳಿಲ್ಲ. ಚಾಕಲೇಟು, ಹೂವು ಎಲ್ಲ ಮನೆಯಲ್ಲೇ ಇರಲಿ. ಅವರು ತಕ್ಷಣ “ಪರವಾಗಿಲ್ಲ” ಅನ್ನದಿದ್ದರೆ ಕಾಯಬೇಡಿ, ಒತ್ತಾಯಿಸಲೂಬೇಡಿ.

ದೂರು ಆಗಲೇ ದಾಖಲಾಗಿದ್ದರೆ ಅವರನ್ನು ನೇರ ಸಂಪರ್ಕಿಸಬೇಡಿ. ಸಹೋದ್ಯೋಗಿಗಳ ಮೂಲಕ ಹೇಳಿ ಕಳಿಸುವುದೂ ಒತ್ತಡವಾಗಿ ಕಾಣುತ್ತದೆ. ಹೇಳಬೇಕಾದದ್ದನ್ನು ಸಮಿತಿಗೆ ಬರೆದು ಕೊಡಿ, ಮೆಸೇಜುಗಳನ್ನು ಅಳಿಸಬೇಡಿ.